ತೆಂಗಿನ ಗಾಯ ಮಾಯುವುದಿಲ್ಲ ಯಾಕೆ?

ಉಡುಪಿ ಕಡೆಯ ಹಳೆಯ ತೋಟಗಳಲ್ಲಿ ತೆಂಗಿನ ಮರಗಳ ಮೈಮೇಲೆ ಕಚ್ಚುಗಳಿರುತ್ತವೆ. ಹತ್ತುವವರ ಕಾಲಿಗೆ ಆಸರೆ ಬೇಕೆಂದು ಕಡಿದದ್ದು. ಹಲಸಿನ ಮರಕ್ಕೆ ಹೀಗೆ ಕತ್ತಿ ಹಾಕಿದರೆ ಗಾಯದ ಅಂಚು ಉಬ್ಬಿ ನಿಧಾನಕ್ಕೆ ಮುಚ್ಚಿಕೊಳ್ಳುತ್ತದೆ. ತೆಂಗಿನ ಕಚ್ಚು ಮಾತ್ರ ಮರ ಇರುವಷ್ಟು ಕಾಲ ಹಾಗೇ ಇರುತ್ತದೆ.

ಹಲಸು, ಮಾವಿನ ತೊಗಟೆಯ ಕೆಳಗೆ ಕ್ಯಾಂಬಿಯಂ ಎಂಬ ತೆಳ್ಳಗಿನ ಜೀವಕೋಶಗಳ ಪದರ ಇದೆ. ಅದು ಒಳಗಡೆ ಹೊಸ ಮರವನ್ನೂ ಹೊರಗಡೆ ಹೊಸ ತೊಗಟೆಯನ್ನೂ ಕಟ್ಟುತ್ತಾ ಹೋಗುತ್ತದೆ. ಕಾಂಡ ದಪ್ಪವಾಗುವುದೂ ಗಾಯ ಮುಚ್ಚುವುದೂ ಅದರಿಂದಲೇ. ತೆಂಗು ಅಡಿಕೆ, ಬಾಳೆ, ಹುಲ್ಲುಗಳ ಹಾಗೆ ಏಕದಳ ಸಸ್ಯ. ಅದಕ್ಕೆ ಈ ಪದರವೇ ಇಲ್ಲ. ಕಾಂಡವನ್ನು ಅಡ್ಡ ಕೊಯ್ದು ನೋಡಿ, ಉಂಗುರಗಳಿಲ್ಲ, ಬರೀ ಚುಕ್ಕೆಗಳು. ಒಂದೊಂದು ಚುಕ್ಕೆಯಲ್ಲೂ ನೀರು ಮೇಲೇರುವ ಕೊಳವೆ, ಎಲೆ ತಯಾರಿಸಿದ ಸಕ್ಕರೆ ಸಾಗುವ ಕೊಳವೆ, ಜೊತೆಗೆ ಗಟ್ಟಿ ನಾರು ಇರುತ್ತದೆ. ಅಂಚಿನಲ್ಲಿ ಈ ಕಟ್ಟುಗಳು ಒತ್ತಾಗಿವೆ, ನಡುವೆ ವಿರಳ. ಹೆಂಚಿನ ಮನೆಯ ಪಕ್ಕಾಸಿಗೆ ಬಲಿತ ಮರದ ಹೊರಭಾಗವೇ ಬೇಕು ಅನ್ನುವುದು ಇದಕ್ಕೇ.

ನನಗೆ ಜಾಸ್ತಿ ಬೆರಗು ಹುಟ್ಟಿಸುವುದು ಈ ಕೊಳವೆಗಳ ಆಯಸ್ಸು. ಮಾವಿನ ಮರ ಹಳೆಯ ಕೊಳವೆ ಬಿಟ್ಟು ಹೊಸದು ಮಾಡಿಕೊಳ್ಳುತ್ತದೆ. ತೆಂಗಿಗೆ ಆ ದಾರಿ ಇಲ್ಲ. ಎಳವೆಯಲ್ಲಿ ಬುಡದಲ್ಲಿ ಹುಟ್ಟಿದ ಕೊಳವೆಗಳೇ 60–70 ವರ್ಷ ದುಡಿಯಬೇಕು. ನೀರಿನ ಕೊಳವೆ ಸತ್ತ ಕೋಶಗಳದ್ದು, ಸರಿ. ಆದರೆ ಸಕ್ಕರೆ ಸಾಗಿಸುವ ಕೋಶಗಳು ಜೀವಂತ! ಬುಡದಲ್ಲಿ ಅವು ಹೆಚ್ಚುಕಡಿಮೆ ಮರದಷ್ಟೇ ವಯಸ್ಸಾಗಿಯೂ ಕೆಲಸ ಮಾಡುತ್ತಿರುತ್ತವೆ. ಅಂಥ ಕಾಂಡಕ್ಕೆ ದಯವಿಟ್ಟು ಕಚ್ಚು ಹಾಕಬೇಡಿ. ಕಡಿದ ಕೊಳವೆಗೆ ಬದಲಿ ಬರುವುದಿಲ್ಲ. ಕೆಂಪು ಮೂತಿ ಹುಳು ಮೊಟ್ಟೆ ಇಡಲು ಹುಡುಕುವುದೂ ಇಂಥ ಗಾಯಗಳನ್ನೇ.

ಕಾಂಡ, ಎಲೆ, ಹೂಗೊಂಚಲು ಎಲ್ಲವೂ ಹುಟ್ಟುವುದು ತುದಿಯ ಒಂದೇ ಸುಳಿಯಲ್ಲಿ. ಮೊದಲ ಕೆಲವು ವರ್ಷ ಗಿಡ ಎತ್ತರಕ್ಕೆ ಹೋಗದೆ ಬುಡ ಅಗಲ ಮಾಡಿಕೊಳ್ಳುತ್ತದೆ, ಆಮೇಲೆ ಅದೇ ದಪ್ಪದಲ್ಲಿ ಮೇಲೇರುತ್ತದೆ. ನಡುವೆ ಬರ ಬಂದು ಕಾಂಡ ಸಣ್ಣಗಾದರೆ ಆ ಸಪೂರ ಸೊಂಟ ಶಾಶ್ವತ. ಕುರುವಾಯಿ ದುಂಬಿ ಸುಳಿ ಕೊರೆದಾಗ ತೂತು ಬೀಳುವುದು ಇನ್ನೂ ಮಡಿಚಿಕೊಂಡಿರುವ ಎಲೆಗೆ. ಅದು ಬಿಚ್ಚಿಕೊಂಡಾಗ ಎರಡೂ ಬದಿ ಕತ್ತರಿಯಲ್ಲಿ ಕೊಯ್ದಂತೆ ಕಾಣುತ್ತದೆ. ಎಲೆ ಹೋದರೆ ಇನ್ನೊಂದು ಬರುತ್ತದೆ. ಸುಳಿಯೇ ಕೊಳೆತರೆ ಮರ ಸತ್ತಂತೆ, ಪಕ್ಕದಲ್ಲಿ ಚಿಗುರಲು ಬೇರೆ ಮೊಗ್ಗಿಲ್ಲ.

ಫಸಲಿನ ಲೆಕ್ಕವೂ ಸುಳಿಯಿಂದಲೇ ಶುರು. ಹೊಂಬಾಳೆ ಬಿರಿಯುವುದಕ್ಕೆ ಸುಮಾರು 32 ತಿಂಗಳು ಮೊದಲೇ ಅದರ ಮೊಳಕೆ ಅಲ್ಲಿ ಮೂಡಿರುತ್ತದೆ. ಬಿರಿದ ಮೇಲೆ ಕಾಯಿ ಬಲಿಯಲು ಇನ್ನೂ 11–12 ತಿಂಗಳು ಬೇಕು. ಗೊಬ್ಬರ ಹಾಕಿ ಒಂದು ವರ್ಷವಾದರೂ ಕಾಯಿ ಹೆಚ್ಚಲಿಲ್ಲ ಎಂದು ಆರೈಕೆ ನಿಲ್ಲಿಸುವವರು ಇನ್ನೆರಡು–ಮೂರು ವರ್ಷ ಮುಂದುವರಿಸಿ ನೋಡಬೇಕು.