ಮೂರು ವರ್ಷದ ಬುದ್ಧಿ ನಿಜಕ್ಕೂ ನೂರು ವರ್ಷ ಇರುತ್ತಾ?

ಪ್ರಶ್ನೆ: ನನ್ನ ಮಗಳಿಗೆ ಮೂರೂವರೆ ವರ್ಷ. ಮನೆಗೆ ಯಾರಾದರೂ ಬಂದರೆ ನನ್ನ ಸೆರಗಿನ ಹಿಂದೆ ಅಡಗಿಕೊಳ್ಳುತ್ತಾಳೆ. ‘ಮೂರು ವರ್ಷದ ಬುದ್ಧಿ ನೂರು ವರ್ಷದ ತನಕ’ ಅಂತಾರೆ ಅತ್ತೆ. ಇವಳು ಕೊನೆಯವರೆಗೂ ಹೀಗೇನಾ?

ಇಲ್ಲ. ಈ ಪ್ರಶ್ನೆಗೆ ಎಷ್ಟು ಸಲ ಉತ್ತರ ಬರೆದಿದ್ದೇನೋ ಲೆಕ್ಕವಿಲ್ಲ. ಅತ್ತೆಯ ಜಾಗದಲ್ಲಿ ಒಮ್ಮೊಮ್ಮೆ ಅಜ್ಜ ಇರುತ್ತಾರೆ, ಗಾದೆ ಮಾತ್ರ ಅದೇ. ಹಾಗಾಗಿ ಈ ಸಲ ಗಾದೆಯನ್ನೇ ಬಿಡಿಸಿ ನೋಡೋಣ.

ಅದರಲ್ಲಿ ಚೂರು ನಿಜ ಇದೆ. ನ್ಯೂಜಿಲೆಂಡಿನ ಡನೆಡಿನ್ ಊರಲ್ಲಿ 1972-73ರಲ್ಲಿ ಹುಟ್ಟಿದ ಸಾವಿರಕ್ಕೂ ಜಾಸ್ತಿ ಮಕ್ಕಳ ಬದುಕನ್ನು ಸಂಶೋಧಕರು ದಶಕಗಳಿಂದ ಗಮನಿಸುತ್ತಾ ಬಂದಿದ್ದಾರೆ. ಮೂರರಲ್ಲಿ ಮುದುಡಿಕೊಳ್ಳುತ್ತಿದ್ದವರು 26ರಲ್ಲೂ ಉಳಿದವರಿಗಿಂತ ಸ್ವಲ್ಪ ಸಂಕೋಚದವರಾಗಿದ್ದರು. ಆದರೆ ಇದು ಗುಂಪಿನ ಸರಾಸರಿ. ಒಂದು ಮಗುವಿನ ಜಾತಕ ಅಲ್ಲ.

ಇನ್ನೊಂದು ಕಡೆ ನೋಡಿ. ಸ್ಕಾಟ್ಲೆಂಡಿನಲ್ಲಿ 1950ರಲ್ಲಿ 14 ವರ್ಷದ ಮಕ್ಕಳ ಆತ್ಮವಿಶ್ವಾಸ, ಪಟ್ಟುಬಿಡದ ಗುಣ, ಮನಸ್ಸಿನ ಸಮಾಧಾನ ಹೀಗೆ ಆರು ಗುಣಗಳನ್ನು ಮೇಷ್ಟ್ರುಗಳು ಬರೆದಿಟ್ಟಿದ್ದರು. ಅವರಲ್ಲಿ 174 ಮಂದಿ 77ರ ವಯಸ್ಸಲ್ಲಿ ಅದೇ ಗುಣಗಳಿಗೆ ತಾವೇ ಅಂಕ ಹಾಕಿಕೊಂಡರು, ಹತ್ತಿರದವರಿಂದಲೂ ಹಾಕಿಸಿದರು. ಹಳೆಯ ಅಂಕಕ್ಕೂ ಹೊಸದಕ್ಕೂ ಹೆಚ್ಚುಕಮ್ಮಿ ಸಂಬಂಧವೇ ಇರಲಿಲ್ಲ! ಅಂಕ ಹಾಕಿದವರು ಬೇರೆ ಬೇರೆ ಅನ್ನುವುದೂ ಒಂದು ಕಾರಣ ಇರಬಹುದು, ಒಪ್ಪುತ್ತೇನೆ. ಆದರೂ ಹದಿನಾಲ್ಕರ ಬುದ್ಧಿಯೇ ಹೀಗಾದರೆ ಮೂರರದ್ದು ನೂರರವರೆಗೆ ಹೇಗೆ ಬಂದೀತು?

ಇಪ್ಪತ್ತರಿಂದ ನಲವತ್ತರ ನಡುವೆ ಜನ ಸಾಮಾನ್ಯವಾಗಿ ಹೆಚ್ಚು ಜವಾಬ್ದಾರರಾಗುತ್ತಾರೆ, ಕೋಪತಾಪ ಇಳಿಯುತ್ತದೆ. ಕೆಲಸ, ಸಾಲದ ಕಂತು, ರಾತ್ರಿ ಎದ್ದು ಅಳುವ ಮಗು. ಇವೆಲ್ಲ ದಿನವೂ ಮನುಷ್ಯನನ್ನು ತಿದ್ದುತ್ತವೆ.

ಮನಶ್ಶಾಸ್ತ್ರಜ್ಞ ಎರಿಕ್ ಎರಿಕ್ಸನ್ 1950ರಲ್ಲಿ ಬದುಕನ್ನು ಎಂಟು ಹಂತ ಮಾಡಿ ತೋರಿಸಿದರು. ಕೊನೆಯದು ಮುಪ್ಪಿನದು. ನಿಮ್ಮ ಮಗಳು ಈಗಷ್ಟೇ ಮೂರನೆಯದರಲ್ಲಿದ್ದಾಳೆ. ಚಪ್ಪಲಿ ಅದಲುಬದಲಾದರೂ ‘ನಾನೇ ಹಾಕ್ಕೋತೀನಿ’ ಅನ್ನುವ ವಯಸ್ಸು. ಆಗ ಬಿಡಿ, ಹಾಕಿಕೊಳ್ಳಲಿ. ಬಂದವರ ಮುಂದೆ ‘ಇವಳಿಗೆ ತುಂಬಾ ನಾಚಿಕೆ’ ಅಂತ ಮಾತ್ರ ಹೇಳಬೇಡಿ. ಮಗು ಅದನ್ನೇ ತನ್ನ ಹೆಸರು ಅಂದುಕೊಳ್ಳುತ್ತದೆ.

ನೀವು ಕೇಳಲಿಲ್ಲ, ಆದರೂ ಒಂದು ಮಾತು. ನನಗೆ ಮೂರರ ಮಕ್ಕಳಿಗಿಂತ ಹದಿನಾರರವರ ಚಿಂತೆ ಜಾಸ್ತಿ. ‘ನಾನು ಯಾರು’ ಅಂತ ಹುಡುಕುವ ವಯಸ್ಸು ಅದು. ನಮ್ಮಲ್ಲಿ ಎಸ್ಸೆಸ್ಸೆಲ್ಸಿ ಫಲಿತಾಂಶ ಬರುವ ಮೊದಲೇ ಪಿಯುಸಿಗೆ ಸೈನ್ಸ್ ಅಂತ ಮನೆಯಲ್ಲಿ ತೀರ್ಮಾನ ಆಗಿರುತ್ತದೆ. ಹುಡುಕದೆಯೇ ಹೀಗೆ ಒಪ್ಪಿಕೊಂಡು ಬಿಡುವುದನ್ನು ಮನಶ್ಶಾಸ್ತ್ರಜ್ಞ ಜೇಮ್ಸ್ ಮಾರ್ಸಿಯಾ 1966ರಲ್ಲೇ ಒಂದು ಬೇರೆಯೇ ಸ್ಥಿತಿಯಾಗಿ ಗುರುತಿಸಿದ್ದರು. ಅಂಥವರು ನಲವತ್ತರಲ್ಲಿ ನನಗೆ ಬರೆಯುತ್ತಾರೆ: ‘ನನಗೇನು ಇಷ್ಟ ಅಂತಲೇ ಗೊತ್ತಿಲ್ಲ.’ ಹದಿನಾರರಲ್ಲಿ ಬಾಕಿ ಉಳಿದ ಕೆಲಸ ಅದು. ನಲವತ್ತರಲ್ಲೂ ಮಾಡಬಹುದು. ಎರಿಕ್ಸನ್ ಅವರನ್ನೇ ನೋಡಿ, ಮಲತಂದೆಯ ಹೆಸರಲ್ಲಿ ಬೆಳೆದವರು. ಎರಿಕ್ಸನ್ ಅನ್ನುವ ಹೆಸರನ್ನು ತಾವೇ ಇಟ್ಟುಕೊಂಡದ್ದು 1939ರಲ್ಲಿ, ಅಮೆರಿಕದ ಪ್ರಜೆಯಾದಾಗ. ಆಗ ಅವರಿಗೆ ಸುಮಾರು 37 ವರ್ಷ.