ಮಂತ್ರಿಯೇ ಆಗದ ಸಂಪಾದಕನ ಮಾತಿಗೆ ಅಷ್ಟು ತೂಕ ಹೇಗೆ ಬಂತು?

ಪ್ರಶ್ನೆ: ಗಾಂಧೀಜಿಗೆ ನೊಬೆಲ್ ಶಾಂತಿ ಪ್ರಶಸ್ತಿ ಯಾಕೆ ಸಿಗಲಿಲ್ಲ ಅಂತ ಓದುವಾಗ ಮಾರ್ಟಿನ್ ಟ್ರಾನ್‌ಮೇಲ್ ಎಂಬ ಹೆಸರು ಕಂಡಿತು. ಅವರು ನಾರ್ವೆಯ ಕಾರ್ಮಿಕರ ಪತ್ರಿಕೆಯ ಸಂಪಾದಕರಂತೆ. ಸಂಪಾದಕರಿಗೆ ಆ ಪ್ರಶಸ್ತಿ ಯಾರಿಗೆ ಅಂತ ತೀರ್ಮಾನಿಸುವ ಸಮಿತಿಯಲ್ಲಿ ಏನು ಕೆಲಸ?

ಉತ್ತರ: ಆ ಸಮಿತಿಯ ಐದು ಜನರನ್ನು ಆರಿಸುವುದು ನಾರ್ವೆಯ ಸಂಸತ್ತು. 1930ರ ದಶಕದಲ್ಲಿ ಅಲ್ಲಿ ಲೇಬರ್ ಪಕ್ಷವೇ ಎಲ್ಲಕ್ಕಿಂತ ದೊಡ್ಡದು. ಆ ಪಕ್ಷದಲ್ಲಿ ಟ್ರಾನ್‌ಮೇಲ್ ಅವರ ಮಾತು ನಡೆಯುತ್ತಿತ್ತು. ಹಾಗಾಗಿ 1938ರಲ್ಲಿ ಸಮಿತಿಗೆ ಬಂದರು, 1963ರವರೆಗೂ ಇದ್ದರು. ನೇರ ಉತ್ತರ ಇಷ್ಟೇ. ಆದರೆ ಒಂದು ದಿನವೂ ಮಂತ್ರಿಯಾಗದವರ ಮಾತು ಹೇಗೆ ನಡೆಯಿತು ಅನ್ನುವುದು ಅದಕ್ಕಿಂತ ದೊಡ್ಡ ಕಥೆ.

ಅವರು ಹುಟ್ಟಿದ್ದು 1879ರಲ್ಲಿ, ಟ್ರೋಂಡ್‌ಹೈಮ್ ಹತ್ತಿರದ ಮೆಲ್‌ಹೂಸ್‌ನಲ್ಲಿ. ರೈತರ ಮಗ. ಕಲಿತದ್ದು ಪೇಂಟಿಂಗ್ ಕೆಲಸ, ಗೋಡೆಗೆ ಬಣ್ಣ ಬಳಿಯುವುದು. ಇಪ್ಪತ್ತರ ಹರೆಯದಲ್ಲಿ ಅಮೆರಿಕಕ್ಕೆ ಹೋಗಿ ದುಡಿದರು. ಅಲ್ಲಿನ ಕಾರ್ಮಿಕರು ಮಾತುಕತೆಗೆ ಕಾಯದೆ ನೇರವಾಗಿ ಹೋರಾಟಕ್ಕಿಳಿಯುವುದನ್ನು ಕಣ್ಣಾರೆ ಕಂಡರು. ಆ ಬಿಸಿಯನ್ನೇ ಊರಿಗೆ ತಂದರು. ಟ್ರೋಂಡ್‌ಹೈಮ್‌ನ ‘ನೀ ತೀದ್’ ಪತ್ರಿಕೆಗೆ ಬರೆದರು, ಮುಂದೆ ಅದರ ಸಂಪಾದಕರೂ ಆದರು. ಹೆಸರಿನ ಅರ್ಥ ‘ಹೊಸ ಕಾಲ’.

1912ರ ಅವರ ಒಂದು ಭಾಷಣವನ್ನು ನಾರ್ವೆಯವರು ಇನ್ನೂ ಮರೆತಿಲ್ಲ. ಆಗ ಬಂಡೆ ಒಡೆಯುವ ಕೆಲಸ ಜೋರಾಗಿದ್ದ ಕಾಲ. ಬಂಡೆಗೆ ಕುಳಿ ಕೊರೆಯುವುದು, ಮದ್ದು ತುಂಬುವುದು, ಸಿಡಿಸುವುದು. ಮುಷ್ಕರ ಶುರುವಾದರೆ ಮಾಲೀಕರು ಬೇರೆ ಕಡೆಯಿಂದ ಆಳುಗಳನ್ನು ತರುತ್ತಿದ್ದರು. ಮುಷ್ಕರಕ್ಕೆ ಹೊರಡುವವರು ಕುಳಿಯಲ್ಲಿ ಸ್ವಲ್ಪ ಡೈನಮೈಟ್ ಬಿಟ್ಟಿದ್ದರೆ ಹಾಗೆ ಬಂದವರು ಕೈಹಾಕಲು ಹೆದರುತ್ತಾರೆ ಅನ್ನುವ ಅರ್ಥದಲ್ಲಿ ಅವರು ಮಾತಾಡಿದರು. ಇದನ್ನು ನಾನು ಒಪ್ಪುವುದಿಲ್ಲ. ಆ ಕುಳಿಯ ಮುಂದೆ ನಿಲ್ಲುವವನೂ ಹೊಟ್ಟೆಪಾಡಿಗೆ ಬಂದವನೇ ಅಲ್ವಾ? ವಿರೋಧಿಗಳು ಜೀವನವಿಡೀ ಈ ಮಾತನ್ನೇ ಹಿಡಿದು ಅವರನ್ನು ಚುಚ್ಚಿದರು. ಕೆಲಸಗಾರರಿಗೆ ಮಾತ್ರ ‘ಇವರು ನಮ್ಮವರು’ ಅನ್ನಿಸಿತು.

1918ರಲ್ಲಿ ಅವರ ಬಣ ಲೇಬರ್ ಪಕ್ಷವನ್ನು ಗೆದ್ದುಕೊಂಡಿತು. ಅವರು ಪಕ್ಷದ ಕಾರ್ಯದರ್ಶಿಯಾದರು. 1921ರಲ್ಲಿ ರಾಜಧಾನಿಯ ಮುಖ್ಯ ಪತ್ರಿಕೆ ‘ಸೋಷಿಯಲ್-ಡೆಮೊಕ್ರಾಟೆನ್’ ಅವರ ಕೈಗೆ ಬಂತು. ಎರಡು ವರ್ಷಕ್ಕೆ ಅದರ ಹೆಸರು ‘ಆರ್ಬೈಡರ್‌ಬ್ಲಾಡೆ’, ಅಂದರೆ ಕಾರ್ಮಿಕರ ಪತ್ರಿಕೆ, ಎಂದಾಯಿತು. ಅದೇ 1923ರಲ್ಲಿ ಪಕ್ಷವೂ ಒಡೆಯಿತು. ಬೇರೆ ಬೇರೆ ದೇಶಗಳ ಕಮ್ಯುನಿಸ್ಟ್ ಪಕ್ಷಗಳ ಒಕ್ಕೂಟವಾದ ಮಾಸ್ಕೋದ ಕಮ್ಯುನಿಸ್ಟ್ ಇಂಟರ್‌ನ್ಯಾಷನಲ್ ಹೇಳಿದ ಹಾಗೆ ಕುಣಿಯಲು ಟ್ರಾನ್‌ಮೇಲ್ ಒಪ್ಪಲಿಲ್ಲ. ಮಾಸ್ಕೋ ಪರ ಇದ್ದವರು ಬೇರೆ ಪಕ್ಷ ಕಟ್ಟಿಕೊಂಡರು. ಪತ್ರಿಕೆ ಇವರ ಬಳಿಯೇ ಉಳಿಯಿತು. ನನ್ನ ಪ್ರಕಾರ ಅವರ ಬಲದ ಗುಟ್ಟು ಇಲ್ಲೇ ಇದೆ. ಒಡೆದ ಮನೆಯಲ್ಲಿ ಪ್ರತಿದಿನ ಕೆಲಸಗಾರರ ಜೊತೆ ಮಾತಾಡುವ ಅವಕಾಶ ಯಾರಿಗಿದೆಯೋ ಅವರ ಕಡೆಗೇ ಜನ ತಿರುಗುತ್ತಾರೆ.

1924ರಲ್ಲಿ ಸೈನಿಕ ಸೇವೆಯ ವಿರುದ್ಧ ಮುಷ್ಕರಕ್ಕೆ ಕರೆ ಕೊಟ್ಟದ್ದಕ್ಕೆ ಜೈಲು ಕಂಡರು. ಒಂದೇ ಅವಧಿಗೆ ಸಂಸತ್ತಿನಲ್ಲಿ ಕೂತರು. 1935ರಲ್ಲಿ ಪಕ್ಷ ಸರ್ಕಾರ ನಡೆಸತೊಡಗಿದಾಗಲೂ ಅವರು ಇದ್ದದ್ದು ಪತ್ರಿಕೆಯಲ್ಲೇ. ಮದುವೆಯಾಗಲಿಲ್ಲ, ಹೆಂಡ ಮುಟ್ಟಲಿಲ್ಲ. ಜರ್ಮನರು ದೇಶ ಹಿಡಿದಾಗ ಪತ್ರಿಕೆ ನಿಂತಿತು, ಅವರು ಸ್ಟಾಕ್‌ಹೋಮ್ ಸೇರಿದರು. ಯುದ್ಧ ಮುಗಿದ ಮೇಲೆ ಮತ್ತೆ ಅದೇ ಕುರ್ಚಿ.

ಇನ್ನು ಗಾಂಧೀಜಿ ವಿಷಯ. 1947ರಲ್ಲಿ ಸಮಿತಿಯ ಇಬ್ಬರು ಗಾಂಧಿ ಪರ ಇದ್ದರು. ಆದರೆ ದೇಶ ಒಡೆದು ರಕ್ತ ಹರಿಯುತ್ತಿತ್ತು. ನ್ಯಾಯಕ್ಕೆ ಬೇರೆ ದಾರಿ ಇಲ್ಲದಿದ್ದರೆ ಭಾರತ ಪಾಕಿಸ್ತಾನದ ಮೇಲೆ ಯುದ್ಧಕ್ಕೆ ಹೋಗಬೇಕಾದೀತು ಎಂದು ಗಾಂಧಿ ಪ್ರಾರ್ಥನಾ ಸಭೆಯಲ್ಲಿ ಹೇಳಿದ್ದಾಗಿ ವರದಿ ಬಂದಿತ್ತು. ಇಂಥ ಹೊತ್ತಿನಲ್ಲಿ ಪ್ರಶಸ್ತಿ ಬೇಡ ಅಂದವರಲ್ಲಿ ಟ್ರಾನ್‌ಮೇಲ್ ಒಬ್ಬರು. ಅಧ್ಯಕ್ಷ ಗುನ್ನಾರ್ ಯಾನ್ ಅವರ ದಿನಚರಿಯಿಂದ ಇದು ತಿಳಿದದ್ದು. ಅಂದರೆ ತಪ್ಪಿಸಿದ್ದು ಅವರೊಬ್ಬರೇ ಅಲ್ಲ. ಪ್ರಶಸ್ತಿ ಯುದ್ಧ ಬೇಡವೆನ್ನುವ ಕ್ರೈಸ್ತ ಪಂಗಡವಾದ ಕ್ವೇಕರ್‌ಗಳ ಸಂಸ್ಥೆಗಳಿಗೆ ಹೋಯಿತು. ಮುಂದಿನ ಜನವರಿಯಲ್ಲಿ ಗಾಂಧಿ ಹತ್ಯೆಯಾಯಿತು, ಆ ವರ್ಷ ಶಾಂತಿ ಪ್ರಶಸ್ತಿ ಯಾರಿಗೂ ಕೊಡಲಿಲ್ಲ. ಇದನ್ನು ನೆನೆದರೆ ನನಗೆ ಇವತ್ತಿಗೂ ಸಂಕಟವಾಗುತ್ತದೆ.

ಮುಂದೆ 1960ರ ಪ್ರಶಸ್ತಿ ದಕ್ಷಿಣ ಆಫ್ರಿಕಾದಲ್ಲಿ ಅಹಿಂಸೆಯ ಹೋರಾಟ ನಡೆಸಿದ ಆಲ್ಬರ್ಟ್ ಲುಟುಲಿ ಅವರಿಗೆ ಸಿಕ್ಕಿತು. ಆಗಲೂ ಟ್ರಾನ್‌ಮೇಲ್ ಸಮಿತಿಯಲ್ಲಿದ್ದರು, ವಯಸ್ಸು ಎಂಬತ್ತು ದಾಟಿತ್ತು.