ಮಾರ್ಟು ಅಜ್ಜಿಯರ ಬೆಂಕಿ

ಪಶ್ಚಿಮ ಆಸ್ಟ್ರೇಲಿಯಾದ ಮರುಭೂಮಿ. ಜುಲೈ ತಿಂಗಳು, ಅಲ್ಲಿ ಚಳಿಗಾಲ. ಅಲ್ಲಿನ ಮೂಲನಿವಾಸಿಗಳಾದ ಮಾರ್ಟು ಜನಾಂಗದ ಅಜ್ಜಿಯೊಬ್ಬರು ಕಡ್ಡಿ ಗೀರಿ ಸ್ಪಿನಿಫೆಕ್ಸ್ ಹುಲ್ಲಿಗೆ ಬೆಂಕಿ ಹಚ್ಚುತ್ತಾರೆ. ಮುಳ್ಳುಮುಳ್ಳಾದ ಹುಲ್ಲು ಭಗ್ ಅಂತ ಹತ್ತಿಕೊಳ್ಳುತ್ತದೆ. ಬೆಂಕಿ ಸರಿದ ಮೇಲೆ ಆಕೆ ಬೂದಿಯ ಮೇಲೆ ನಡೆಯುತ್ತಾರೆ, ಕಣ್ಣೆಲ್ಲ ನೆಲದ ಮೇಲೆ. ಒಂದು ಕಡೆ ಕೆಂಪು ಮಣ್ಣು ಹೊಸದಾಗಿ ಕೆದರಿದೆ. ಉಡದ ಬಿಲ! 'ವನಾ' ಎಂಬ ಅಗೆಯುವ ಕೋಲಿನಿಂದ ಸುತ್ತಲೂ ಚುಚ್ಚಿ ನೋಡುತ್ತಾರೆ. ನೆಲ ಟೊಳ್ಳಾಗಿರುವ ಕಡೆ ಅಗೆದು, ಕೈ ಹಾಕಿ, ಚಳಿಗೆ ಮಂಕಾಗಿ ಮಲಗಿದ ಉಡವನ್ನು ಹೊರಗೆಳೆಯುತ್ತಾರೆ. ನಮ್ಮೂರ ಉಡಕ್ಕೆ ಅದು ದಾಯಾದಿ.

ಇದು ಬೇಟೆ ಅಲ್ವಾ? ಆದರೂ 'ಗಂಡಸು ಬೇಟೆಗೆ, ಹೆಂಗಸು ಗೆಡ್ಡೆಗೆ' ಅನ್ನೋ ಮಾತು ಇನ್ನೂ ಎಲ್ಲರ ಬಾಯಲ್ಲಿದೆ. 1966ರಲ್ಲಿ ಶಿಕಾಗೋದಲ್ಲಿ ನಡೆದ ಮಾನವಶಾಸ್ತ್ರಜ್ಞರ ಸಮ್ಮೇಳನದ ಹೆಸರೇ 'ಮ್ಯಾನ್ ದಿ ಹಂಟರ್', ಅಂದರೆ 'ಬೇಟೆಗಾರ ಗಂಡಸು'. ಮಾರ್ಟು ಗಂಡಸರು ಕಾಂಗರೂ ಹಿಂದೆ ಹೋಗುತ್ತಾರೆ ನಿಜ. ಸಿಕ್ಕರೆ ಹಬ್ಬ, ಆದರೆ ಬರಿಗೈಯಲ್ಲಿ ಬರುವ ದಿನಗಳೇ ಜಾಸ್ತಿ. ಉಡಕ್ಕೆ ಹೋದ ಹೆಂಗಸರು ಬರಿಗೈಯಲ್ಲಿ ಬರುವುದು ಅಪರೂಪ. ಸಂಜೆ ಮಕ್ಕಳ ಹೊಟ್ಟೆಗೆ ಏನಾದರೂ ಬಿದ್ದೇ ಬೀಳುತ್ತದೆ ಎಂಬ ಭರವಸೆ ಇವರದು.

ಇಷ್ಟು ದಿನ ಇದು ಯಾಕೆ ಕಾಣಲಿಲ್ಲ? ನೋಡಲು ಹೋದವರು ಹೆಚ್ಚಾಗಿ ಗಂಡಸರು. ಅವರು ಕೇಳಿದ್ದೂ ಗಂಡಸರನ್ನೇ. ಸಮಾಜಶಾಸ್ತ್ರಜ್ಞ ಎಮಿಲ್ ದುರ್ಖೀಮ್ ಅಂತೂ ಆಸ್ಟ್ರೇಲಿಯಾಕ್ಕೆ ಕಾಲಿಡದೆಯೇ ಅಲ್ಲಿನ ಹೆಂಗಸರನ್ನು ಪವಿತ್ರವಾದದ್ದರಿಂದ ಹೊರಗಿಟ್ಟು ಬರೆದರು. 1934ರಲ್ಲಿ ಫಿಲಿಸ್ ಕ್ಯಾಬೆರಿ ಎಂಬ ಯುವ ಮಾನವಶಾಸ್ತ್ರಜ್ಞೆ ಪಶ್ಚಿಮ ಆಸ್ಟ್ರೇಲಿಯಾದ ಉತ್ತರಕ್ಕಿರುವ ಕಿಂಬರ್ಲಿ ಪ್ರದೇಶಕ್ಕೆ ಹೋಗಿ ಹೆಂಗಸರ ಜೊತೆ ಕೂತರು, ಅಲೆದರು. ಗಂಡಸರು ಹತ್ತಿರ ಸುಳಿಯಬಾರದ ಆಚರಣೆಗಳು, ಹಾಡುಗಳು ಹೆಂಗಸರಿಗೇ ಬೇರೆ ಇದ್ದವು. ಗಂಡಸರ ಮುಂದೆ ಅವನ್ನು ಹೇಳುವ ಪದ್ಧತಿಯೇ ಇಲ್ಲ. ಹೇಳದ್ದನ್ನು ಇಲ್ಲವೆಂದು ಬರೆದುಕೊಂಡು ಬಂದಿದ್ದರು.

ಈಗ ನನಗೆ ತುಂಬಾ ಇಷ್ಟವಾದ ಭಾಗಕ್ಕೆ ಬರುತ್ತೇನೆ. ಆ ಬೆಂಕಿ ಬರೀ ಬಿಲ ಹುಡುಕಲು ಅಲ್ಲ. ಸುಟ್ಟ ಜಾಗದ ಪ್ರತಿ ಹಂತಕ್ಕೂ ಮಾರ್ಟು ಭಾಷೆಯಲ್ಲಿ ಹೆಸರಿದೆ. ಈಗ ತಾನೇ ಸುಟ್ಟದ್ದು 'ನ್ಯುರ್ನ್‌ಮಾ'. ಕೆಲವು ವರ್ಷ ಕಳೆದು ಹಣ್ಣಿನ ಗಿಡ, ಬೀಜದ ಹುಲ್ಲು ತುಂಬಿಕೊಂಡದ್ದು 'ನ್ಯುಕುರಾ'. ಬರೀ ಹಳೇ ಸ್ಪಿನಿಫೆಕ್ಸ್ ಆವರಿಸಿಕೊಂಡದ್ದು 'ಕುನಾರ್ಕಾ'. ಅಜ್ಜಿ ಹಚ್ಚುವ ಬೆಂಕಿ ಸಣ್ಣದು. ಈ ಚಳಿಗಾಲ ಇಲ್ಲೊಂದು ತುಂಡು, ಮುಂದಿನ ವರ್ಷ ಅಲ್ಲೊಂದು ತುಂಡು. ವರ್ಷಗಳು ಕಳೆದಂತೆ ಮರುಭೂಮಿ ಕೌದಿಯಾಗುತ್ತದೆ: ಹಳೇ ಸೀರೆಯ ತುಂಡು, ಹೊಸ ಲಂಗದ ತುಂಡು, ಪಕ್ಕಪಕ್ಕ. ಇದನ್ನೇ ಸಂತೆ ಅಂತಲೂ ಅನ್ನಬಹುದು. ಒಂದು ಮೈಲಿ ಉದ್ದ ಬರೀ ಉಪ್ಪಿನ ಅಂಗಡಿಗಳೇ ಇದ್ದರೆ ಯಾರು ಹೋಗುತ್ತಾರೆ? ಅವಿತುಕೊಳ್ಳಲು ಹಳೇ ಹುಲ್ಲು, ಮೇಯಲು ಹೊಸ ಚಿಗುರು ನಾಲ್ಕು ಹೆಜ್ಜೆಯಲ್ಲೇ ಸಿಕ್ಕರೆ ಪ್ರಾಣಿಗಳು ಅಲ್ಲಿ ನಿಲ್ಲುತ್ತವೆ. ಇನ್ನೊಂದು ಲಾಭವಿದೆ. ಸುಟ್ಟ ತುಂಡುಗಳು ಗದ್ದೆಯ ಬದುವಿನ ಹಾಗೆ. ಬದು ನೀರನ್ನು ತಡೆದಂತೆ ಇವು ಬೇಸಿಗೆಯ ಸಿಡಿಲಿನ ಬೆಂಕಿಯನ್ನು ತಡೆಯುತ್ತವೆ.

ಮಾನವಶಾಸ್ತ್ರಜ್ಞೆ ರೆಬೆಕಾ ಬ್ಲೀಜ್ ಬರ್ಡ್ ಮತ್ತು ಜೊತೆಗಾರರು ಪಾರ್ನ್‌ಗುರ್ ಎಂಬ ಮಾರ್ಟು ಊರಿನಲ್ಲಿ ವರ್ಷಗಟ್ಟಲೆ ಈ ಬೇಟೆಗಾರ್ತಿಯರ ಹಿಂದೆ ನಡೆದು ಲೆಕ್ಕ ಇಟ್ಟರು. 2013ರಲ್ಲಿ ಅವರು ಪ್ರಕಟಿಸಿದ್ದನ್ನು ಓದಿ ನಾನು ಬೆರಗಾದೆ. ಬೇಟೆ ಜಾಸ್ತಿ ನಡೆಯುವ ಕಡೆಯೇ ಉಡಗಳೂ ಜಾಸ್ತಿ! ತಿನ್ನುವವರೇ ಸಾಕುತ್ತಿದ್ದಾರೆ.

ಈ ಜನ ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೂ ಚರಿತ್ರೆಯಲ್ಲಿ ಉತ್ತರವಿದೆ. 1964ರಲ್ಲಿ ದಕ್ಷಿಣ ಆಸ್ಟ್ರೇಲಿಯಾದ ವೂಮೆರಾ ಉಡಾವಣಾ ಕೇಂದ್ರದಿಂದ ಹಾರಿಸುವ ಬ್ಲೂ ಸ್ಟ್ರೀಕ್ ರಾಕೆಟ್ ಬೀಳಬಹುದಾದ ಜಾಗವೆಂದು, ಜನ ಯಾರಾದರೂ ಇದ್ದಾರೆಯೇ ಎಂದು ಅಧಿಕಾರಿಗಳು ಈ ಮರುಭೂಮಿಯಲ್ಲಿ ಹುಡುಕಿದರು. ಪರ್ಸಿವಲ್ ಕೆರೆಗಳ ಬಳಿ ಸಿಕ್ಕಿದ್ದು 20 ಜನ, ಎಲ್ಲರೂ ಹೆಂಗಸರು ಮತ್ತು ಮಕ್ಕಳು. ಜೊತೆಯಲ್ಲಿ ಒಬ್ಬ ಗಂಡಸೂ ಇರಲಿಲ್ಲ. ತಮ್ಮ ಪಾಡಿಗೆ ತಾವು ಬದುಕಿದ್ದರು. ಅವರನ್ನೂ ಹೊರಗೆ ಸಾಗಿಸಲಾಯಿತು. ಜನ ಖಾಲಿಯಾದ ಮೇಲೆ ಕೌದಿ ಮಾಯವಾಯಿತು. ಒಣ ಹುಲ್ಲು ಎಡೆಬಿಡದೆ ಬೆಳೆದು, ಸಿಡಿಲು ಬಡಿದಾಗ ಭಾರೀ ಬೆಂಕಿಗಳು ಹಬ್ಬಿದವು. (ಬಿಳಿಗಿರಿರಂಗನ ಬೆಟ್ಟದಲ್ಲಿ ಸೋಲಿಗರ 'ತರಗು ಬೆಂಕಿ' ನಿಂತ ಮೇಲೆ ಲಂಟಾನ ಹಬ್ಬಿದ ಕಥೆ ನೆನಪಾಗುತ್ತದೆ.) 1980ರ ದಶಕದಲ್ಲಿ ಮಾರ್ಟು ಜನ ತಮ್ಮ ನೆಲಕ್ಕೆ ಮರಳಿದರು, ಬೆಂಕಿಯೂ ಮರಳಿತು.

ಸಂಜೆ ಉಡಗಳನ್ನು ಬಿಸಿ ಬೂದಿಯಲ್ಲಿ ಹೂತು ಬೇಯಿಸುತ್ತಾರೆ. ಆಮೇಲೆ ಹಂಚಿಕೆ. ಬೇಟೆಯಾಡಿದವಳೇ ಇಟ್ಟುಕೊಳ್ಳುವುದು ಸ್ವಲ್ಪ. ಸದ್ದಿಲ್ಲದೆ ಎಲ್ಲರಿಗೂ ಹಂಚಿ ಮುಗಿಸುವ ಹೆಂಗಸು ಯಾರೋ, ಮರುದಿನ ಬೇಟೆಗೆ ಹೊರಡುವವರು ಜೊತೆಗೆ ಕರೆಯುವುದು ಅವಳನ್ನೇ.